ವಿಡಿಯೋ ಕಲೆ: ಕಣ್ಣಿನ ಜೊತೆ ಕಿವಿಯನ್ನೂ ಕರೆದೊಯ್ಯಿರಿ

ವಿಡಿಯೋ ಕಲೆಯ ಮುಂದೆ ನಿಂತ ಹೊಸಬರು ಮೊದಲು ಕೇಳುವುದು ‘ಇದರ ಕಥೆ ಏನು?’ ಎಂದು. ಆ ಪ್ರಶ್ನೆ ಸ್ವಲ್ಪ ಹೊತ್ತು ಹಾಗಿರಲಿ. ಕಾಣುತ್ತಿರುವುದಕ್ಕೂ ಕೇಳುತ್ತಿರುವುದಕ್ಕೂ ಏನು ನಂಟು ಎಂದು ಗಮನಿಸಿ. ರಸವಿರುವುದು ಅಲ್ಲೇ.

ಹಾಸನ ಸೀಮೆಯವರಿಗೆ ಇದು ತೀರಾ ಹೊಸದೇನಲ್ಲ. ತೊಗಲುಗೊಂಬೆಯಾಟದ ರಾವಣ ತುಟಿ ಅಲುಗಿಸುವುದಿಲ್ಲ. ಪರದೆಯ ಹಿಂದೆ ಕೂತವರ ಮಾತು, ಹಾಡು, ಮದ್ದಳೆಯಿಂದ ಅವನಿಗೆ ಜೀವ ಬರುತ್ತದೆ. ದನಿಯನ್ನೂ ಬಿಂಬವನ್ನೂ ಕೂಡಿಸುವ ಕೆಲಸ ನೋಡುಗರದ್ದು. ಸಾಮಾನ್ಯ ಸಿನಿಮಾ ಇವೆರಡರ ನಡುವಿನ ಅಂತರವನ್ನು ಮುಚ್ಚಿಬಿಡುತ್ತದೆ, ಪ್ರಯೋಗಶೀಲ ಕಲಾವಿದರು ಬೇಕೆಂದೇ ತೆರೆದಿಡುತ್ತಾರೆ.

ಶುರುಮಾಡಲು ಬೆಂಗಳೂರಿನ ಪುಷ್ಪಮಾಲಾ ಎನ್. ಅವರ ‘ಪ್ಯಾರಿಸ್ ಆಟಮ್’ (2006) ಒಳ್ಳೆಯದು. ಬಹುಪಾಲು ಸ್ಥಿರಚಿತ್ರಗಳನ್ನೇ ಪೋಣಿಸಿ ಮಾಡಿದ ಕೃತಿ. ಫೋಟೊ ಕದಲದು, ಸದ್ದು ಮಾತ್ರ ಹರಿಯುತ್ತಿರುತ್ತದೆ. ಕಾಲ ಸರಿಯುತ್ತಿದೆ ಎಂಬ ನಂಬಿಕೆ ನಮಗೆ ಹುಟ್ಟುವುದು ಕಿವಿಯಿಂದ. ಫ್ರಾನ್ಸಿನ ಕ್ರಿಸ್ ಮಾರ್ಕರ್ 1962ರ ‘ಲಾ ಜೆಟೆ’ಯಲ್ಲೂ ಹೀಗೇ ಮಾಡಿದ್ದರು. ಅದರಲ್ಲಿ ಚಿತ್ರ ಚಲಿಸುವುದು ಒಂದೇ ಕಡೆ: ಮಲಗಿದ್ದ ಹೆಣ್ಣು ಕಣ್ಣು ಬಿಡುತ್ತಾಳೆ. ಆ ಕ್ಷಣಕ್ಕೆ ಅಷ್ಟು ಬಲ ಬಂದದ್ದು ಅಲ್ಲಿಯವರೆಗಿನ ನಿಶ್ಚಲತೆಯಿಂದ. ಶಾಯ್ ಹೆರೆಡಿಯಾ ಮತ್ತು ಶುಮೋನಾ ಗೋಯೆಲ್ ಅವರ ‘ಐ ಆ್ಯಮ್ ಮೈಕ್ರೋ’ ವಿಡಿಯೋ ಅಲ್ಲ, ಫಿಲ್ಮು. ಆದರೂ ಸಿಕ್ಕರೆ ಬಿಡಬೇಡಿ. ಕಾಣುವುದು ಕೋಲ್ಕತ್ತಾದ ಪಾಳುಬಿದ್ದ ಕ್ಯಾಮೆರಾ ಕಾರ್ಖಾನೆ, ಕೇಳುವುದು ಸಿನಿಮಾ ಮಾಡುವುದರ ಬಗ್ಗೆ ನಿರ್ದೇಶಕರೊಬ್ಬರ ಮಾತು. ಎರಡೂ ಒಂದನ್ನೊಂದು ವಿವರಿಸುವುದಿಲ್ಲ, ಆದರೂ ಒಂದರ ನೋವು ಇನ್ನೊಂದಕ್ಕೆ ಅಂಟುತ್ತದೆ.

ಗ್ಯಾಲರಿಯಲ್ಲಿ ವಿಡಿಯೋ ಮತ್ತೆ ಮತ್ತೆ ಓಡುತ್ತಿರುತ್ತದೆ, ನಡುವೆ ಹೊಕ್ಕರೆ ತಪ್ಪಿಲ್ಲ. ಒಂದು ಸುತ್ತು ಪೂರ್ತಿ ನೋಡಿ, ಇನ್ನೊಂದು ಸುತ್ತು ಕಣ್ಣು ಮುಚ್ಚಿ ಕೇಳಿ.

ನೀವೇ ಮಾಡಿ ನೋಡಿದರೆ ಇನ್ನೂ ಬೇಗ ತಿಳಿಯುತ್ತದೆ. ಚನ್ನರಾಯಪಟ್ಟಣದ ಬಸ್ ನಿಲ್ದಾಣವನ್ನು ಮೊಬೈಲ್‌ನಲ್ಲಿ ಎರಡು ನಿಮಿಷ ಚಿತ್ರೀಕರಿಸಿ. ಹೊಳೆನರಸೀಪುರದಲ್ಲಿ ಹೇಮಾವತಿಯ ನೀರಿನ ಸದ್ದನ್ನು, ಅರಕಲಗೂಡು ತಾಲ್ಲೂಕಿನ ರಾಮನಾಥಪುರದಲ್ಲಿ ದೇವಸ್ಥಾನದ ಗಂಟೆಯನ್ನು ಬೇರೆಯಾಗಿ ರೆಕಾರ್ಡ್ ಮಾಡಿಕೊಳ್ಳಿ. ನಿಲ್ದಾಣದ ಗದ್ದಲ ತೆಗೆದು ಒಮ್ಮೆ ನೀರು, ಒಮ್ಮೆ ಗಂಟೆ, ಒಮ್ಮೆ ಬರೀ ಮೌನ ಇಟ್ಟು ನೋಡಿ. ನೀರಿನ ಜೊತೆ ಜನ ಹರಿದು ಹೋಗುತ್ತಾರೆ. ಗಂಟೆ ಬಿದ್ದಾಗ, ಬಸ್ಸಿಗೆ ಕಾದು ನಿಂತ ಮುಖವೊಂದು ತಟ್ಟನೆ ಎದ್ದು ಕಾಣುತ್ತದೆ. ಮೌನದಲ್ಲಿ ಕೈಸನ್ನೆಗಳು ಮಾತಾಡುತ್ತವೆ.

ಹಾಸನದ ಕಾಲೇಜುಗಳಲ್ಲೋ ಸಂಘಗಳಲ್ಲೋ ಇಂಥ ಪ್ರದರ್ಶನ ಏರ್ಪಡಿಸುವವರಲ್ಲಿ ಒಂದು ಕೋರಿಕೆ: ಪ್ರೊಜೆಕ್ಟರ್‌ಗೆ ತೋರುವಷ್ಟೇ ಕಾಳಜಿಯನ್ನು ದಯವಿಟ್ಟು ಸ್ಪೀಕರ್‌ಗೂ ತೋರಿ.