ಮೈಕು ಬಿಟ್ಟುಕೊಡುವ ಕಲೆ

ನಿರೂಪಣೆ ಕೇಳುವುದೂ ಒಂದು ರುಚಿ. ಮೈಕು ಹಿಡಿದವರ ಮೊದಲ ಎರಡು ವಾಕ್ಯಗಳಲ್ಲೇ ತಿಳಿದುಬಿಡುತ್ತದೆ, ಇವರು ಕಾರ್ಯಕ್ರಮ ನಡೆಸಿಕೊಡಲು ಬಂದವರೋ, ತಾವೇ ಕಾರ್ಯಕ್ರಮವಾಗಲು ಬಂದವರೋ ಎಂದು. ಕನ್ನಡಿಗರ ಕಿವಿಗೆ ಈ ರುಚಿ ಹತ್ತಿಸಿದವರಲ್ಲಿ ನಿರೂಪಕಿ ಅಪರ್ಣಾ ಒಬ್ಬರು.

ನಿರ್ದೇಶಕ ಪುಟ್ಟಣ್ಣ ಕಣಗಾಲರ ಕೊನೆಯ ಚಿತ್ರ ‘ಮಸಣದ ಹೂವು’ ಮೂಲಕ ಬಂದ ಹುಡುಗಿ ಸಿನಿಮಾದಲ್ಲೇ ಬೇರೂರಲಿಲ್ಲ. ಆಕಾಶವಾಣಿ, ದೂರದರ್ಶನಗಳು ಆಕೆಯ ನಿಜವಾದ ನೆಲೆಯಾದವು. ಆಗ ಒಂದು ಕಾರ್ಯಕ್ರಮಕ್ಕೂ ಇನ್ನೊಂದಕ್ಕೂ ನಡುವೆ ನಿರೂಪಕಿಯ ಮುಖವೇ ಸೇತುವೆ. 1998ರ ದೀಪಾವಳಿಗೆ ಅಪರ್ಣಾ ಸತತ ಎಂಟು ಗಂಟೆ ನಿರೂಪಣೆ ಮಾಡಿದ್ದರು. ಅಷ್ಟು ಹೊತ್ತು ಎಳೆಯಬೇಕಾದರೆ ಗಂಟಲಷ್ಟೇ ಸಾಲದು. ಎಲ್ಲಿ ಉಸಿರು ತೆಗೆದುಕೊಳ್ಳಬೇಕು, ಎಲ್ಲಿ ಸುಮ್ಮನಿರಬೇಕು ಎಂಬ ಲೆಕ್ಕ ಬೇಕು.

ಆ ಲೆಕ್ಕ ಅವರಿಗೆ ಚೆನ್ನಾಗಿ ಗೊತ್ತಿತ್ತು. ಉಚ್ಚಾರಣೆಯಲ್ಲೂ ಅದೇ ಹದ. ಮಹಾಪ್ರಾಣಗಳು ಸ್ಪಷ್ಟ, ಆದರೆ ಒತ್ತಿ ತೋರಿಸುವ ಹಟವಿಲ್ಲ. ಲ ಮತ್ತು ಳ, ಶ ಮತ್ತು ಷ ತಮ್ಮ ತಮ್ಮ ಜಾಗದಲ್ಲಿ. ಗ್ರಾಂಥಿಕ ಕನ್ನಡ ಅವರ ಬಾಯಲ್ಲಿ ಆಡುಮಾತಿನಷ್ಟು ಸಲೀಸು. ಸರ್ಕಾರಿ ಸಮಾರಂಭಗಳಲ್ಲಿ ಗಣ್ಯರ ಉದ್ದುದ್ದ ಪಟ್ಟಿಯನ್ನು ಓದುವಾಗಲೂ ಯಾವ ಹೆಸರನ್ನೂ ನುಂಗುತ್ತಿರಲಿಲ್ಲ.

ಇಷ್ಟು ಶಿಸ್ತಿನ ದನಿಗೆ ನಗಿಸಲು ಬಂದೀತೇ? 2013ರಲ್ಲಿ ರಿಯಾಲಿಟಿ ಶೋ ‘ಬಿಗ್ ಬಾಸ್’ ಕನ್ನಡದ ಮೊದಲ ಆವೃತ್ತಿಗೆ ಅವರು ಹೋದದ್ದೇ ಅಚ್ಚರಿಯಾಗಿತ್ತು. ಮುಂದೆ ಸೃಜನ್ ಲೋಕೇಶರ ಹಾಸ್ಯ ಕಾರ್ಯಕ್ರಮ ‘ಮಜಾ ಟಾಕೀಸ್’ನಲ್ಲಿ ಅವರು ವರಲಕ್ಷ್ಮಿಯಾದರು. ತನ್ನನ್ನು ತಾನೇ ಹೊಗಳಿಕೊಳ್ಳುವ, ಬೆಡಗು ಬಿನ್ನಾಣದ ಬಡಾಯಿಗಾತಿ. ವರ್ಷಗಟ್ಟಲೆ ಕಾಪಾಡಿಕೊಂಡ ಗಾಂಭೀರ್ಯವನ್ನು ತಾವೇ ಲೇವಡಿ ಮಾಡಿಕೊಂಡ ಪಾತ್ರವದು. ನನ್ನ ಮಟ್ಟಿಗೆ ಅವರ ವೃತ್ತಿಜೀವನದ ಅತಿ ಧೈರ್ಯದ ಹೆಜ್ಜೆ. ಮಾತಿನ ಮೇಲೆ ಹಿಡಿತವಿದ್ದವರು ಮಾತ್ರ ಹದ ಕೆಡದಂತೆ ಅತಿರೇಕ ಮಾಡಬಲ್ಲರು.

ಅದೇ ಹೊತ್ತಿಗೆ ಬೆಂಗಳೂರಿನ ನಮ್ಮ ಮೆಟ್ರೊದಲ್ಲಿ ಅದೇ ಗಂಟಲು ಮುಂದಿನ ನಿಲ್ದಾಣ ಯಾವುದು, ಬಾಗಿಲು ಯಾವ ಕಡೆಗೆ ತೆರೆಯುತ್ತದೆ ಎಂದು ಹೇಳುತ್ತಿತ್ತು. ಅಲ್ಲಿ ಮುಖವಿಲ್ಲ, ಹೆಸರಿಲ್ಲ, ಭಾವವೂ ಬೇಡ. ಅವಸರದ ಜನಕ್ಕೆ ಅವಸರವಿಲ್ಲದ ಕನ್ನಡ. ಕನ್ನಡ ಬಾರದವರಿಗೂ ಬೆಂಗಳೂರಿನಲ್ಲಿ ದಿನವೂ ಕಿವಿಗೆ ಬೀಳುವ ಒಳ್ಳೆಯ ಕನ್ನಡ ಅದೇ ಇರಬಹುದು. 2024ರ ಜುಲೈ 11ರಂದು ಶ್ವಾಸಕೋಶದ ಕ್ಯಾನ್ಸರಿನಿಂದ ಅವರು ತೀರಿಕೊಂಡಾಗ, ಆ ದನಿಯ ಒಡತಿ ಯಾರೆಂದು ಎಷ್ಟೋ ಪ್ರಯಾಣಿಕರಿಗೆ ಮೊದಲ ಸಲ ತಿಳಿಯಿತು.

ಈಗಿನ ವೇದಿಕೆಗಳಲ್ಲಿ ಕಿರುಚಾಟವೇ ಉತ್ಸಾಹವೆಂಬ ನಂಬಿಕೆ ಬೇರುಬಿಟ್ಟಿದೆ. ಒಳ್ಳೆಯ ನಿರೂಪಕರನ್ನು ಗುರುತಿಸುವ ಪರೀಕ್ಷೆ ಸುಲಭ. ಅತಿಥಿಯ ಹೆಸರು ಕೊನೆಯ ಸಾಲಿನ ಕುರ್ಚಿಗೂ ಸರಿಯಾಗಿ ಕೇಳಿಸಿತೇ? ಹೊಗಳಿಕೆ ಅತಿಥಿಯ ಭಾಷಣಕ್ಕಿಂತ ಉದ್ದವಾಯಿತೇ? ಚಪ್ಪಾಳೆ ಮುಗಿಯುವ ತನಕ ಬಾಯಿ ಮುಚ್ಚಿಕೊಂಡಿದ್ದರೇ? ಈ ಮೂರರಲ್ಲಿ ಗೆದ್ದವರಿಗೆ ರೇಷ್ಮೆ ಸೀರೆಯಾಗಲಿ, ಮಿಂಚುವ ಕೋಟಾಗಲಿ ಬೇಕಿಲ್ಲ.