ಮಂಚ ಹಾಕಲು ಜಾಗವಿಲ್ಲದ ಮನೆ

ಉಷಾ ಪ್ರಿಯಂವದಾ ಅವರ ‘ವಾಪ್ಸಿ’ ಎಂಬ ಹಿಂದಿ ಕಥೆಯನ್ನು ಓದಿದವರಿಗೆ ಗಜಾಧರ ಬಾಬುವಿನ ಮುಖ ನೆನಪಿರುತ್ತದೋ ಇಲ್ಲವೋ, ಅವರ ಮಂಚ ಮಾತ್ರ ನೆನಪಿರುತ್ತದೆ. 35 ವರ್ಷ ರೈಲ್ವೆಯಲ್ಲಿ ದುಡಿದು, ಅದರಲ್ಲಿ ಬಹುಕಾಲವನ್ನು ಕ್ವಾರ್ಟರ್ಸಿನಲ್ಲಿ ಒಬ್ಬರೇ ಕಳೆದು, ನಿವೃತ್ತರಾಗಿ ಅವರು ಮನೆಗೆ ಬರುತ್ತಾರೆ. ಮಕ್ಕಳ ಓದಿಗೆಂದು ಸಂಸಾರವನ್ನು ಪಟ್ಟಣದಲ್ಲಿ ಇರಿಸಿದ್ದವರು ಅವರೇ, ಮನೆ ಕಟ್ಟಿಸಿದವರೂ ಅವರೇ. ಆದರೆ ಆ ಮನೆಯಲ್ಲಿ ಅವರಿಗೆಂದು ಒಂದು ಜಾಗ ಇಲ್ಲ. ಹೊರಗಿನ ಕೋಣೆಯ ಕುರ್ಚಿಗಳನ್ನು ಗೋಡೆಗೆ ಸರಿಸಿ, ನೆಂಟರು ಬಂದಾಗ ಮಾಡುವ ಹಾಗೆ, ನಡುವೆ ಒಂದು ಸಣ್ಣ ಮಂಚ ಹಾಕುತ್ತಾರೆ. ಕೆಲವು ದಿನ ಕಳೆದ ಮೇಲೆ ಆ ಮಂಚವೂ ಅಲ್ಲಿರುವುದಿಲ್ಲ. ಹುಡುಕಿದರೆ ಅದು ಹೆಂಡತಿಯ ಪುಟ್ಟ ಕೋಣೆಯಲ್ಲಿ, ಉಪ್ಪಿನಕಾಯಿ ಜಾಡಿ, ಅಕ್ಕಿಬೇಳೆಯ ಡಬ್ಬ, ಹಳೆಯ ರಜಾಯಿಗಳ ನಡುವೆ ಬಿದ್ದಿದೆ. ಅವರು ಏನೂ ಹೇಳುವುದಿಲ್ಲ. ಕೋಟು ತೆಗೆದು ನೇತುಹಾಕಲು ಜಾಗ ಹುಡುಕುತ್ತಾರೆ, ಅಷ್ಟೇ.

ವೃದ್ಧರ ಒಂಟಿತನದ ಬಗ್ಗೆ ನಾನು ಓದಿದ ಕಥೆಗಳಲ್ಲಿ ಇಷ್ಟು ಸದ್ದಿಲ್ಲದೆ ಇರಿಯುವ ಕಥೆ ಇನ್ನೊಂದಿಲ್ಲ. ಗಮನಿಸಿ, ಇದು ಒಬ್ಬರೇ ಇರುವ ಮುದುಕನ ಕಥೆಯಲ್ಲ. ರೈಲ್ವೆ ಕ್ವಾರ್ಟರ್ಸಿನಲ್ಲಿ ಅವರು ಒಬ್ಬರೇ ಇದ್ದರು ನಿಜ, ಆದರೆ ಅಲ್ಲಿ ಅವರಿಗೆ ಕೆಲಸವಿತ್ತು, ರೈಲುಗಳ ಬರುಹೋಗು ಇತ್ತು, ಗಣೇಶಿ ಎಂಬ ಆಳಿನ ಅಕ್ಕರೆ ಇತ್ತು, ಮುಂದೊಂದು ದಿನ ಸಂಸಾರದ ಜೊತೆ ಇರುತ್ತೇನೆಂಬ ಆಸೆ ಇತ್ತು. ಒಂಟಿತನ ಶುರುವಾಗುವುದು ಮನೆ ತುಂಬ ಜನ ಇರುವಾಗ. ಒಂದು ಭಾನುವಾರ ಬೆಳಿಗ್ಗೆ ಒಳಗಿನಿಂದ ನಗು ಕೇಳಿಸುತ್ತದೆ. ಮಗ ಯಾವುದೋ ಸಿನಿಮಾದ ಕುಣಿತವನ್ನು ಅಣಕಿಸುತ್ತಿದ್ದಾನೆ, ಮಗಳು, ಸೊಸೆ ನಗುತ್ತಿದ್ದಾರೆ. ಗಜಾಧರ ಬಾಬು ಖುಷಿಯಿಂದಲೇ ಒಳಗೆ ಕಾಲಿಡುತ್ತಾರೆ. ನಗು ನಿಂತುಹೋಗುತ್ತದೆ. ಎಲ್ಲರೂ ಗಂಭೀರವಾಗಿ ಚಹಾ ಮುಗಿಸಿ ಒಬ್ಬೊಬ್ಬರಾಗಿ ಎದ್ದು ಹೋಗುತ್ತಾರೆ. ಯಾರೂ ಅವರನ್ನು ಅವಮಾನಿಸಲಿಲ್ಲ. ಹಾಗೆ ನೋಡಿದರೆ ಅದು ಮರ್ಯಾದೆಯೇ, ಮತ್ತು ಆ ಮರ್ಯಾದೆಯೇ ಅವರನ್ನು ಹೊರಗಿಡುತ್ತದೆ.

ನಮ್ಮಲ್ಲಿ ಹಿರಿಯರು ‘ನನಗೆ ಒಂಟಿತನ ಕಾಡುತ್ತಿದೆ’ ಎನ್ನುವುದಿಲ್ಲ. ಆ ಮಾತು ಪತ್ರಿಕೆಯದು, ಆಪ್ತ ಸಲಹೆಗಾರರದು. ಅವರು ಹೇಳುವುದು ‘ಹೊತ್ತೇ ಹೋಗೋದಿಲ್ಲ’ ಎಂದು. ಈ ಎರಡು ಮಾತುಗಳ ನಡುವೆ ವ್ಯತ್ಯಾಸವಿದೆ. ಒಂಟಿತನ ಎಂದಾಗ ಕೊರತೆ ಜನರದ್ದು. ಹೊತ್ತು ಹೋಗುವುದಿಲ್ಲ ಎಂದಾಗ ಕೊರತೆ ಕೆಲಸದ್ದು, ತನ್ನಿಂದ ಆಗಬೇಕಾದ್ದು ಏನೂ ಉಳಿದಿಲ್ಲ ಎಂಬುದರದ್ದು. ಗಜಾಧರ ಬಾಬು ಆ ಹೊತ್ತನ್ನು ತುಂಬಿಸಿಕೊಳ್ಳಲು ಮನೆಯ ಆಡಳಿತಕ್ಕೆ ಕೈ ಹಾಕುತ್ತಾರೆ. ಮಗಳು ಬಸಂತಿಗೆ ಅಡುಗೆಯ ಜವಾಬ್ದಾರಿ ಕೊಡುತ್ತಾರೆ, ಪಕ್ಕದ ಮನೆಗೆ ಹೋಗಬೇಡ ಎನ್ನುತ್ತಾರೆ. ಖರ್ಚು ಹೆಚ್ಚೆಂದು ಕೆಲಸದವನನ್ನು ಬಿಡಿಸುತ್ತಾರೆ. ಕಥೆಯ ಪ್ರಾಮಾಣಿಕತೆ ಇರುವುದು ಇಲ್ಲೇ. ಲೇಖಕಿ ಅವರನ್ನು ಬರೀ ಸಂತ್ರಸ್ತನನ್ನಾಗಿ ಮಾಡಿಲ್ಲ. ಇಷ್ಟು ವರ್ಷ ಮನಿಆರ್ಡರಿನ ಹಾಗೆ ದೂರದಲ್ಲಿದ್ದ ಯಜಮಾನ ಒಂದು ದಿನ ಬಂದು ಯಜಮಾನಿಕೆ ಕೇಳಿದರೆ ಮನೆಯವರಿಗೂ ಉಸಿರು ಕಟ್ಟುತ್ತದೆ ಎಂಬುದನ್ನು ಆಕೆ ಮುಚ್ಚಿಡುವುದಿಲ್ಲ.

ಇದನ್ನು ಒತ್ತಿ ಹೇಳಲು ಕಾರಣವಿದೆ. ವಿಶೇಷಾಂಕಗಳಲ್ಲಿ, ಕಥಾಸ್ಪರ್ಧೆಗಳಲ್ಲಿ ವೃದ್ಧರ ಕಥೆ ಎಂದರೆ ಒಂದು ಅಚ್ಚು ಸಿದ್ಧವಾಗಿಬಿಟ್ಟಿದೆ. ಮಗ ಅಮೆರಿಕದಲ್ಲಿ, ತಾಯಿ ಬಸವನಗುಡಿಯಲ್ಲೋ ಮೈಸೂರಿನಲ್ಲೋ. ಬಾರದ ಫೋನು, ತಣ್ಣಗಾದ ಕಾಫಿ, ಗೋಡೆಯ ಮೇಲೆ ಗಂಡನ ಫೋಟೊ, ಕೊನೆಗೊಂದು ಸಾವು, ತಡವಾಗಿ ಬಂದಿಳಿಯುವ ಮಗ. ಇಂಥ ಕಥೆ ಸುಳ್ಳೆಂದು ಹೇಳುತ್ತಿಲ್ಲ, ಅಂಥ ಮನೆಗಳು ಪ್ರತಿ ಬೀದಿಯಲ್ಲೂ ಇವೆ. ಆದರೆ ಕಥೆ ನಮಗೆ ಕೊಡುವುದು ಏನು? ಒಬ್ಬ ಅಪರಾಧಿಯನ್ನು. ಅವನನ್ನು ಬೈದು, ಅವಳಿಗಾಗಿ ಮರುಗಿ, ನಾವು ಪುಟ ತಿರುಗಿಸುತ್ತೇವೆ. ತಾಯಿಗೆ ಸಿಟ್ಟು ಬರುತ್ತದೋ, ಏನಾದರೂ ತಿನ್ನಬೇಕೆನಿಸುತ್ತದೋ, ಮಗನ ಫೋನು ಬಂದರೂ ಬೇಸರವಾಗುತ್ತದೋ, ಅದನ್ನು ಕೇಳುವವರಿಲ್ಲ. ಹೀಗೆ ಮಕ್ಕಳು ಒಂದು ಸಲ ಹೊರಗಿಟ್ಟವಳನ್ನು ನಮ್ಮ ಕನಿಕರ ಇನ್ನೊಂದು ಸಲ ಹೊರಗಿಡುತ್ತದೆ.

ಪ್ರೇಮಚಂದರ ‘ಬೂಢಿ ಕಾಕಿ’ ಈ ಕನಿಕರದ ಬಲೆಯಿಂದ ತಪ್ಪಿಸಿಕೊಂಡದ್ದು ಹೇಗೆ ಎಂದು ನೋಡಿ. ಗಂಡ ಮಕ್ಕಳನ್ನು ಕಳೆದುಕೊಂಡ ಮುದುಕಿ ತನ್ನ ಆಸ್ತಿಯನ್ನೆಲ್ಲ ದಾಯಾದಿ ಮಗ ಬುದ್ಧಿರಾಮನ ಹೆಸರಿಗೆ ಬರೆದುಕೊಟ್ಟಿದ್ದಾಳೆ. ನೋಡಿಕೊಳ್ಳುತ್ತೇನೆ ಎಂದಿದ್ದವನು ಹೊಟ್ಟೆ ತುಂಬ ಊಟವನ್ನೂ ಹಾಕುವುದಿಲ್ಲ. ಇವತ್ತಾಗಿದ್ದರೆ ಅವಳಿಗೊಂದು ಕಾನೂನಿತ್ತು. ಹಿರಿಯ ನಾಗರಿಕರಿಗಾಗಿ 2007ರಲ್ಲಿ ಬಂದ ಕಾಯ್ದೆಯ 23ನೇ ಕಲಮಿನ ಪ್ರಕಾರ, ನೋಡಿಕೊಳ್ಳುವ ಷರತ್ತಿನ ಮೇಲೆ ಆಸ್ತಿ ಬರೆಸಿಕೊಂಡವರು ಮಾತಿಗೆ ತಪ್ಪಿದರೆ ಆ ವರ್ಗಾವಣೆಯನ್ನೇ ರದ್ದು ಮಾಡಿಸಬಹುದು. ಅದೇ ಕಾಯ್ದೆ ತಿಂಗಳಿಗೆ 10,000 ರೂಪಾಯಿಯವರೆಗೆ ಜೀವನಾಂಶದ ಮಾತನ್ನೂ ಆಡಿತ್ತು. ಬೇಕಾದ ಕಾನೂನೇ. ಆದರೆ ಪ್ರೇಮಚಂದರ ಕಥೆ ಆಸ್ತಿಯ ಸುತ್ತ ತಿರುಗುವುದಿಲ್ಲ, ಪೂರಿಯ ವಾಸನೆಯ ಸುತ್ತ ತಿರುಗುತ್ತದೆ. ಮನೆಯಲ್ಲಿ ಶುಭಕಾರ್ಯ, ಬಾಣಲೆಯಲ್ಲಿ ತುಪ್ಪ ಕುದಿಯುತ್ತಿದೆ, ಕತ್ತಲ ಕೋಣೆಯಲ್ಲಿ ಕಾಕಿಯ ನಾಲಗೆಯಲ್ಲಿ ನೀರೂರುತ್ತಿದೆ. ತೆವಳಿಕೊಂಡು ಬಾಣಲೆಯ ಪಕ್ಕ ಹೋಗಿ ಕೂರುತ್ತಾಳೆ, ಬೈಸಿಕೊಳ್ಳುತ್ತಾಳೆ. ಮತ್ತೊಮ್ಮೆ ಅತಿಥಿಗಳ ಪಂಕ್ತಿಯ ನಡುವೆಯೇ ಹೋಗುತ್ತಾಳೆ, ಎಳೆದು ಒಗೆಸಿಕೊಳ್ಳುತ್ತಾಳೆ. ಅವಳಿಗೆ ಘನತೆ ಬೇಡ, ಪೂರಿ ಬೇಕು. ಮುಪ್ಪಿನಲ್ಲಿ ಆಸೆ ಇಷ್ಟು ಹಸಿಯಾಗಿ ಉಳಿದಿರುತ್ತದೆ ಎಂದು ಬರೆಯಲು ಧೈರ್ಯ ಬೇಕು. ಅವಳ ಒಬ್ಬಳೇ ಗೆಳತಿ, ಆ ಮನೆಯ ಪುಟ್ಟ ಹುಡುಗಿ ಲಾಡ್ಲಿ. ಅವಳದೂ ಬರೀ ದಯೆಯಲ್ಲ. ಅಣ್ಣಂದಿರು ಕಿತ್ತುಕೊಳ್ಳದ ಹಾಗೆ ತಿಂಡಿ ತಿನ್ನಲು ಅವಳಿಗೆ ಕಾಕಿಯ ಕೋಣೆ ಬೇಕು. ಕಾಕಿಗೂ ಆ ತಿಂಡಿಯಲ್ಲಿ ಪಾಲು ಬೇಕು. ಇಬ್ಬರಿಗೂ ಒಬ್ಬರಿಂದೊಬ್ಬರಿಗೆ ಏನೋ ಆಗಬೇಕಾದ್ದಿದೆ. ಆ ಮನೆಯಲ್ಲಿ ಕಾಕಿಗೆ ಇರುವ ಒಂದೇ ನಿಜವಾದ ಸಂಬಂಧ ಅದು. ಕೊನೆಯಲ್ಲಿ ಸೊಸೆ ರೂಪಾ ಪಶ್ಚಾತ್ತಾಪಪಟ್ಟು ತಟ್ಟೆ ತುಂಬ ಬಡಿಸುವುದು ನನಗೆ ಅಷ್ಟು ಒಗ್ಗುವುದಿಲ್ಲ. ಆದರೆ ಅದಕ್ಕೆ ಮೊದಲು ಎಂಜಲೆಲೆಗಳ ಮುಂದೆ ಕೂತ ಕಾಕಿಯನ್ನು ಯಾವ ಪಶ್ಚಾತ್ತಾಪವೂ ಅಳಿಸಲಾರದು.

ಭೀಷ್ಮ ಸಾಹನಿಯವರ ‘ಚೀಫ್ ಕೀ ದಾವತ್’ನಲ್ಲಿ ಹಸಿವಿಲ್ಲ, ಇರುವುದು ಸಾಮಾನು ಜೋಡಿಸುವ ಗಡಿಬಿಡಿ. ಶಾಮನಾಥನ ಮನೆಗೆ ಸಂಜೆ ದೊಡ್ಡ ಸಾಹೇಬ ಊಟಕ್ಕೆ ಬರುತ್ತಾನೆ. ಬೇಡದ ಸಾಮಾನನ್ನೆಲ್ಲ ಮಂಚದ ಕೆಳಗೆ, ಬೀರುವಿನ ಹಿಂದೆ ತಳ್ಳಿಯಾಯಿತು. ಈಗ ತಾಯಿಯನ್ನು ಎಲ್ಲಿಡುವುದು? ಎಲ್ಲಿ ಕೂರಬೇಕು, ಹೇಗೆ ಕೂರಬೇಕು, ಬೇಗ ಮಲಗಬಾರದು, ಗೊರಕೆ ಕೇಳಿಸೀತು ಎಂದೆಲ್ಲ ಅವಳಿಗೆ ಪಾಠವಾಗುತ್ತದೆ. ಆದರೆ ಸಾಹೇಬನ ಕಣ್ಣಿಗೆ ತಾಯಿಯೇ ಬಿದ್ದು, ಅವಳ ಹಾಡು, ಅವಳ ಕೈಯ ಫುಲ್ಕಾರಿ ಕಸೂತಿ ಅವನಿಗೆ ಇಷ್ಟವಾಗಿಬಿಡುತ್ತವೆ. ರಾತ್ರಿ ಮಗ ಬಂದು ಅಪ್ಪಿಕೊಳ್ಳುತ್ತಾನೆ. ಹರಿದ್ವಾರಕ್ಕೆ ಕಳಿಸಿಬಿಡು ಎನ್ನುವ ತಾಯಿಗೆ, ನೀನು ಹೋದರೆ ಸಾಹೇಬನಿಗೆ ಫುಲ್ಕಾರಿ ಯಾರು ಮಾಡಿಕೊಡುತ್ತಾರೆ ಎಂದು ಕೇಳುತ್ತಾನೆ. ಮಗನಿಗೆ ಬಡ್ತಿ ಸಿಗುತ್ತದೆಂದು ಗೊತ್ತಾದ ಕೂಡಲೇ, ಕಣ್ಣು ಮಂಜಾದ ಆಕೆ ಒಪ್ಪಿಕೊಂಡೂಬಿಡುತ್ತಾಳೆ. ಬೇಡದ ಸಾಮಾನಾಗಿದ್ದವಳು ಬೇಕಾದ ಸಾಮಾನಾದಳು. ಹಿರಿಯರನ್ನು ‘ಉಪಯುಕ್ತ’ರನ್ನಾಗಿಸಿದರೆ ಒಂಟಿತನ ಹೋಗುತ್ತದೆ ಎಂದು ನಂಬುವವರು ಈ ಕಥೆಯನ್ನು ಒಮ್ಮೆ ಓದಬೇಕು.

ಕನ್ನಡದಲ್ಲಿ ಈಚೆಗೆ ಇದೇ ವಸ್ತುವನ್ನು ದೊಡ್ಡ ಜನಸಮೂಹದ ಮುಂದಿಟ್ಟದ್ದು ಕಥೆಯಲ್ಲ, ಸಿನಿಮಾ. 2016ರಲ್ಲಿ ಬಂದ ಹೇಮಂತ್ ರಾವ್ ಅವರ ‘ಗೋಧಿ ಬಣ್ಣ ಸಾಧಾರಣ ಮೈಕಟ್ಟು’. ಆ ಶೀರ್ಷಿಕೆಯೇ ಅರ್ಧ ವಿಮರ್ಶೆ. ಕಾಣೆಯಾದವರ ಪ್ರಕಟಣೆಯ ಭಾಷೆ ಅದು, ನಮ್ಮಲ್ಲಿ ಅರ್ಧ ಜನರಿಗೆ ಒಪ್ಪುವ ವರ್ಣನೆ. ಅಲ್ಝೈಮರ್ಸ್ ಇರುವ ವೆಂಕೋಬ ರಾವ್ (ಅನಂತ್ ನಾಗ್) ಆರೈಕೆ ಕೇಂದ್ರದಲ್ಲಿದ್ದಾರೆ, ಮಗ ಶಿವ (ರಕ್ಷಿತ್ ಶೆಟ್ಟಿ) ಮುಂಬೈಯಲ್ಲಿದ್ದಾನೆ. ಅಪ್ಪನನ್ನು ಹೊರಗೆ ಕರೆದುಕೊಂಡು ಹೋದ ದಿನವೇ ಅವರು ತಪ್ಪಿಸಿಕೊಳ್ಳುತ್ತಾರೆ. ಹುಡುಕಲು ಹೊರಟ ಮಗನಿಗೆ ಅಪ್ಪನ ಬಗ್ಗೆ ಹೇಳುವುದಕ್ಕೆ ಬಣ್ಣ, ಮೈಕಟ್ಟು ಬಿಟ್ಟರೆ ಹೆಚ್ಚೇನೂ ಇಲ್ಲ. ಅಪ್ಪ ಹೇಗೆ ಪ್ರೀತಿಸಿದರು, ಏನನ್ನು ನೆನೆಯುತ್ತಿದ್ದರು ಎಂಬುದು ಗೊತ್ತಿರುವುದು ಅವರನ್ನು ನೋಡಿಕೊಳ್ಳುತ್ತಿದ್ದ ಡಾಕ್ಟರ್ ಸಹನಾಗೆ. ಮರೆವಿನ ಕಾಯಿಲೆ ಅಪ್ಪನಿಗೆ, ಮರೆತವನು ಮಗ. ಈ ತಿರುವು ಬಹಳ ಚೆನ್ನಾಗಿದೆ. ಆಮೇಲೆ ಚಿತ್ರ ರೌಡಿಗಳ ಕಥೆಯೊಂದನ್ನು ಜೋಡಿಸಿ ವೆಂಕೋಬ ರಾಯರನ್ನು ಅದರೊಳಗೆ ಇಳಿಸುತ್ತದೆ. ಜನ ಕೂತು ನೋಡಬೇಕಲ್ಲ, ಅರ್ಥವಾಗುತ್ತದೆ. ಆದರೂ ಒಂದು ಲಾಭವಾಗಿದೆ. ಅನಂತ್ ನಾಗ್ ಅವರ ಮುದುಕ ಅಳುತ್ತಾ ಕೂರುವವನಲ್ಲ. ತನ್ನನ್ನು ಎತ್ತಿಕೊಂಡು ಹೋದವರ ಜೊತೆಗೂ ಅವನಿಗೆ ಮಾತು ಬೇಕು, ನಂಟು ಬೇಕು. ಬರೀ ಮರುಗಲು ಕೂತ ಪ್ರೇಕ್ಷಕನಿಗೆ ಅವನು ಸುಲಭಕ್ಕೆ ಸಿಗುವುದಿಲ್ಲ.

ಇವೆಲ್ಲದರ ಎದುರು ಶಿವರಾಮ ಕಾರಂತರ ಮೂಕಜ್ಜಿಯನ್ನು ನಿಲ್ಲಿಸಿದರೆ ಏನಾಗುತ್ತದೆ? ಒಂಟಿತನದ ಪಟ್ಟಿ ಮಾಡಲು ಹೊರಟರೆ ಅವಳಿಗಿಂತ ಹೆಚ್ಚು ಅರ್ಹರು ಇಲ್ಲ. ಬಾಲವಿಧವೆ, ಎಂಬತ್ತು ದಾಟಿದವಳು, ಅಸಂಬದ್ಧ ಮಾತಾಡುವ ಮುದುಕಿ ಎಂದು ಊರವರಿಂದ ಅನ್ನಿಸಿಕೊಂಡವಳು. ಆದರೂ ‘ಮೂಕಜ್ಜಿಯ ಕನಸುಗಳು’ ಓದುವಾಗ ಅಯ್ಯೋ ಪಾಪ ಎನ್ನುವುದಕ್ಕೆ ಎಲ್ಲಿಯೂ ಎಡೆ ಸಿಗುವುದಿಲ್ಲ. ಈ ಕಾದಂಬರಿಯ ಬಗ್ಗೆ ಬರೆದವರು ಅಜ್ಜಿಯ ಅತೀಂದ್ರಿಯ ಶಕ್ತಿ, ಇತಿಹಾಸದ ಕಾಣ್ಕೆ, ದೇವರು, ಕಾಮ ಇವುಗಳ ಬಗ್ಗೆ ಸಾಕಷ್ಟು ಬರೆದಿದ್ದಾರೆ. ಕಾದಂಬರಿ ನಡೆಯುವುದು ಒಂದು ಸಣ್ಣ ಸಂಗತಿಯ ಮೇಲೆ ಎಂಬುದನ್ನು ಹೆಚ್ಚು ಜನ ಗಮನಿಸಿಲ್ಲ ಎಂದು ನನ್ನ ಅನಿಸಿಕೆ. ಮೊಮ್ಮಗ ಸುಬ್ಬರಾಯ ಅಜ್ಜಿಯನ್ನು ಪ್ರಶ್ನೆ ಕೇಳುತ್ತಾನೆ. ಎಲ್ಲಿಂದಲೋ ತಂದ ವಸ್ತುವನ್ನು ಅವಳ ಕೈಗಿಟ್ಟು, ಏನು ಕಾಣಿಸುತ್ತದೆ ಎಂದು ಕಾಯುತ್ತಾನೆ. ಉತ್ತರ ಒಪ್ಪಿಗೆಯಾಗದಿದ್ದರೆ ವಾದಕ್ಕೂ ನಿಲ್ಲುತ್ತಾನೆ. ಊಟ ಆಯಿತಾ, ಮಾತ್ರೆ ತಗೊಂಡ್ರಾ ಎಂಬ ಪ್ರಶ್ನೆಗಳಲ್ಲ ಇವು. ಉತ್ತರ ಏನೆಂದು ಕೇಳುವವನಿಗೆ ನಿಜಕ್ಕೂ ಗೊತ್ತಿಲ್ಲದ ಪ್ರಶ್ನೆಗಳು.

ಇಲ್ಲೊಂದು ಅನುಮಾನ ಏಳಬಹುದು. ಸುಬ್ಬರಾಯನಿಗೂ ಅಜ್ಜಿಯ ಕಾಣ್ಕೆ ಬೇಕು, ಶಾಮನಾಥನಿಗೂ ಅಮ್ಮನ ಫುಲ್ಕಾರಿ ಬೇಕು, ಏನು ವ್ಯತ್ಯಾಸ? ಶಾಮನಾಥನಿಗೆ ಬೇಕಾದ್ದು ಅಮ್ಮನ ಕೈ ಮಾತ್ರ. ಅವಳ ಹರಿದ್ವಾರದ ಮಾತು ಅವನ ಕಿವಿಗೆ ಬೀಳುವುದೇ ಇಲ್ಲ. ಸುಬ್ಬರಾಯನೆದುರು ಅಜ್ಜಿಗೆ ಬೈಯುವ, ನಗುವ, ಅವನ ನಂಬಿಕೆಗಳನ್ನು ತಲೆಕೆಳಗು ಮಾಡುವ ಸ್ವಾತಂತ್ರ್ಯವಿದೆ. ಆದರೆ ಅನುಮಾನ ಪೂರ್ತಿ ಹೋಗುವುದಿಲ್ಲ ಎಂಬುದೂ ನಿಜ. ಕಾರಂತರು ಅಜ್ಜಿಗೆ ಅಸಾಮಾನ್ಯ ಶಕ್ತಿ ಕೊಟ್ಟರು. ವಸ್ತು ಮುಟ್ಟಿದರೆ ಏನೂ ಕಾಣದ, ದಿನವೂ ಅದೇ ನಾಲ್ಕು ಕಥೆ ಹೇಳುವ ಅಜ್ಜಿಯಾಗಿದ್ದರೆ ಸುಬ್ಬರಾಯ ಎಷ್ಟು ದಿನ ಕೂರುತ್ತಿದ್ದ? ಅಂಥ ಅಜ್ಜಿಯನ್ನು ನಡುವೆ ಕೂರಿಸಿ, ಅವಳ ಅದೇ ನಾಲ್ಕು ಕಥೆಗಳಿಂದಲೇ ಕಾದಂಬರಿ ಕಟ್ಟುವ ಕೆಲಸ ಇನ್ನೂ ಕಷ್ಟದ್ದು. ಹೊಸದಾಗಿ ಬರೆಯುತ್ತಿರುವವರು ಅದಕ್ಕೆ ಕೈ ಹಾಕಿದರೆ ಓದಲು ನಾನಂತೂ ಕಾದಿದ್ದೇನೆ.

‘ವಾಪ್ಸಿ’ಯಲ್ಲಿ ಇನ್ನೊಂದು ಪಾತ್ರದ ಲೆಕ್ಕ ಬಾಕಿ ಇದೆ. ಗಜಾಧರ ಬಾಬು ಸಕ್ಕರೆ ಕಾರ್ಖಾನೆಯೊಂದರಲ್ಲಿ ಕೆಲಸ ಹುಡುಕಿಕೊಂಡು ಮತ್ತೆ ಹೊರಡುತ್ತಾರೆ. ನೀನೂ ಬರುತ್ತೀಯಾ ಎಂದು ಹೆಂಡತಿಯನ್ನು ಕೇಳುತ್ತಾರೆ. ಇಷ್ಟು ದೊಡ್ಡ ಸಂಸಾರ, ಬೆಳೆದ ಮಗಳು, ನಾನು ಹೇಗೆ ಬರಲಿ ಎನ್ನುತ್ತಾಳೆ ಆಕೆ. ರಿಕ್ಷಾ ಹೋದ ಮೇಲೆ ಸೊಸೆ ಸಿನಿಮಾಕ್ಕೆ ಹೋಗೋಣವೇ ಎನ್ನುತ್ತಾಳೆ. ಹೆಂಡತಿ ಒಳಗೆ ಬಂದು, ಕೋಣೆಯಿಂದ ಅವರ ಮಂಚ ಹೊರಗೆ ಹಾಕು, ಓಡಾಡಲೂ ಜಾಗವಿಲ್ಲ ಎಂದು ಮಗನಿಗೆ ಹೇಳುತ್ತಾಳೆ. ತರಗತಿಯಲ್ಲಿ ಈ ಕಥೆ ಚರ್ಚೆಗೆ ಬಂದಾಗಲೆಲ್ಲ ವಿದ್ಯಾರ್ಥಿಗಳ ಸಿಟ್ಟು ಬೀಳುವುದು ಆಕೆಯ ಮೇಲೆ. ಎಂಥ ಕಲ್ಲು ಮನಸ್ಸು ಎನ್ನುತ್ತಾರೆ. ಆದರೆ ಆ ಕೋಣೆ ಯಾರದು? ಮಂಚವನ್ನು ತಂದು ತುರುಕಿದ್ದು ಜಾಡಿ ಡಬ್ಬಗಳ ನಡುವೆ ಆಕೆ ತನ್ನದೆಂದು ಉಳಿಸಿಕೊಂಡಿದ್ದ ಒಂದೇ ಪುಟ್ಟ ಜಾಗದಲ್ಲಿ. ಗಂಡನಿಲ್ಲದ ಅಷ್ಟೂ ವರ್ಷ ಆಕೆ ಅಲ್ಲಿಯೇ ಮಲಗಿದ್ದಾಳೆ, ಆ ವರ್ಷಗಳ ಬಗ್ಗೆ ಅವಳನ್ನು ಯಾರೂ ಏನೂ ಕೇಳಿಲ್ಲ. ಓಡಾಡಲು ಜಾಗವಿಲ್ಲ ಎಂಬ ಅವಳ ಮಾತು ಅಕ್ಷರಶಃ ನಿಜ.