ಎಲೀನರ್ ಪೊವೆಲ್‌ಗೆ ಗಂಡಸಿನ ಅಳತೆಗೋಲು ಬೇಡ

ಹಾಲಿವುಡ್ಡಿನ ಹಳೆಯ ಹಾಡು-ಕುಣಿತದ ಚಿತ್ರಗಳ ಬಗ್ಗೆ ಬರೆಯುವವರು ಎಲೀನರ್ ಪೊವೆಲ್ ಹೆಸರು ಬಂದೊಡನೆ ಒಂದೇ ತೀರ್ಪು ಕೊಟ್ಟು ಮುಂದೆ ಸಾಗುತ್ತಾರೆ. ಟ್ಯಾಪ್ ನೃತ್ಯದಲ್ಲಿ ಆಕೆಗೆ ಸಾಟಿಯಿರಲಿಲ್ಲ, ಆದರೆ ನಟನೆ ಬರುತ್ತಿರಲಿಲ್ಲ. ಕಾಲಿನಲ್ಲಿ ವೇಗವಿತ್ತು, ಮುಖದಲ್ಲಿ ಒಂದೇ ನಗೆಯಿತ್ತು. ಜೋಡಿಯಾಗಿ ಕುಣಿಯುವ ಮಾರ್ದವ ಇರಲಿಲ್ಲ. ನರ್ತಕ-ನಟ ಫ್ರೆಡ್ ಅಸ್ಟೇರ್ ತನ್ನ ಆತ್ಮಕತೆಯಲ್ಲಿ, ಆಕೆ ಗಂಡಸಿನ ಹಾಗೆ ಹೆಜ್ಜೆ ಊರುತ್ತಾಳೆಂದು ಮೆಚ್ಚಿಕೊಂಡೇ ಬರೆದ. ಆ ಮೆಚ್ಚುಗೆಯನ್ನೇ ಮುಂದಿನವರು ಆಕೆಯ ಕೊರತೆಗೆ ಸಾಕ್ಷಿ ಮಾಡಿಕೊಂಡರು. ಹೀಗೆ ಮೂವತ್ತರ ದಶಕದ ಅತ್ಯಂತ ದೊಡ್ಡ ನರ್ತಕಿ ಅಸ್ಟೇರ್-ಜಿಂಜರ್ ರೋಜರ್ಸ್ ಜೋಡಿಯ ಕತೆಗೆ ಅಡಿಟಿಪ್ಪಣಿಯಾಗಿ ಉಳಿದಳು.

ಈ ತೀರ್ಪು ತಪ್ಪು. ಅದು ತಪ್ಪೆಂದು ಕಾಣಲು ಮಂಗಳೂರಿನವರಿಗೆ ಹೆಚ್ಚು ಕಷ್ಟವಾಗಬಾರದು. ಯಕ್ಷಗಾನದಲ್ಲಿ ಚೆಂಡೆಯ ಪೆಟ್ಟಿಗೆ ಸರಿಯಾಗಿ ಕಾಲು ಬಿತ್ತೋ ಇಲ್ಲವೋ ಎಂದು ರಾತ್ರಿಯಿಡೀ ಕಿವಿಗೊಟ್ಟು ಕೂರುವ ಜನ ಇಲ್ಲಿದ್ದಾರೆ. ಕುಣಿತವನ್ನು ಕಿವಿಯಿಂದಲೂ ನೋಡಬೇಕೆಂಬುದು ತೆಂಕುತಿಟ್ಟಿನ ಪ್ರೇಕ್ಷಕನಿಗೆ ಯಾರೂ ಹೇಳಿಕೊಡಬೇಕಾದ ಸಂಗತಿಯಲ್ಲ. ಟ್ಯಾಪ್ ನೃತ್ಯಕ್ಕೆ ಬೇಕಾದದ್ದೂ ಆ ಕಿವಿಯೇ. ಬೂಟಿನ ಮುಂಭಾಗಕ್ಕೂ ಹಿಮ್ಮಡಿಗೂ ಲೋಹದ ತುಂಡು ಬಡಿದಿರುತ್ತಾರೆ. ನರ್ತಕಿ ತನ್ನ ಹಿಮ್ಮೇಳವನ್ನು ತನ್ನ ಪಾದದಲ್ಲೇ ಹೊತ್ತಿರುತ್ತಾಳೆ.

ಪೊವೆಲ್ ಹುಟ್ಟಿದ್ದು 1912ರಲ್ಲಿ, ಮ್ಯಾಸಚೂಸೆಟ್ಸ್ ರಾಜ್ಯದ ಸ್ಪ್ರಿಂಗ್‌ಫೀಲ್ಡಿನಲ್ಲಿ. ಮೊದಲು ಕಲಿತದ್ದು ಬ್ಯಾಲೆ ಮತ್ತು ಅಂಗಸಾಧನೆ. ಟ್ಯಾಪ್ ಅವಳಿಗೆ ಇಷ್ಟವೇ ಇರಲಿಲ್ಲ. ಅದು ಬಾರದಿದ್ದರೆ ಬ್ರಾಡ್‌ವೇಯಲ್ಲಿ ಕೆಲಸ ಸಿಗುವುದಿಲ್ಲವೆಂದು ತಿಳಿದ ಮೇಲೆ ಜ್ಯಾಕ್ ಡೊನಾಹ್ಯೂ ಬಳಿ ಹತ್ತು ಪಾಠಗಳಿಗೆ ಸೇರಿದಳು. ಬ್ಯಾಲೆ ಕಲಿತ ಮೈ ಮೇಲಕ್ಕೇ ಎಳೆಯುತ್ತಿತ್ತು, ಟ್ಯಾಪ್‌ಗೆ ನೆಲ ಬೇಕು. ಡೊನಾಹ್ಯೂ ಸೈನ್ಯದ ಹಳೆಯ ಪಟ್ಟಿಯೊಂದಕ್ಕೆ ಮರಳಿನ ಚೀಲ ಸಿಕ್ಕಿಸಿ ಅವಳ ಸೊಂಟಕ್ಕೆ ಕಟ್ಟಿದ. ಆಕೆಯ ಶೈಲಿಯ ಗುಟ್ಟು ಇಲ್ಲಿದೆ. ಸೊಂಟದಿಂದ ಕೆಳಗೆ ಭಾರ ಪೂರ್ತಿ ನೆಲಕ್ಕೆ, ಸೊಂಟದಿಂದ ಮೇಲೆ ಬ್ಯಾಲೆಯ ಹಗುರ. ಗಿರಗಿರನೆ ತಿರುಗುತ್ತಿರುವಾಗಲೂ ಕಾಲಿನ ಸದ್ದು ಒಂದು ಕೂದಲೆಳೆಯಷ್ಟೂ ಜಾರುವುದಿಲ್ಲ. ಬೆನ್ನನ್ನು ಹಿಂದಕ್ಕೆ ಬಾಗಿಸಿ ತಲೆ ನೆಲದತ್ತ ಇಳಿಸುವಾಗಲೂ ಪಾದ ಮಾತಾಡುತ್ತಲೇ ಇರುತ್ತದೆ. ಅವಳ ಕಾಲದ ಬೇರೆ ಯಾರಲ್ಲೂ ಈ ಎರಡು ಮೈಗಳು ಹೀಗೆ ಕೂಡಿರಲಿಲ್ಲ. ‘42ನೇ ಸ್ಟ್ರೀಟ್’ (1933) ಚಿತ್ರದ ರೂಬಿ ಕೀಲರ್ ಜನಪ್ರಿಯಳು, ಆದರೆ ಕುಣಿಯುವಾಗ ಕಣ್ಣು ತನ್ನ ಪಾದದ ಮೇಲೆಯೇ. ಪೊವೆಲ್ ಕೆಳಗೆ ನೋಡುವುದಿಲ್ಲ.

‘ಬ್ರಾಡ್‌ವೇ ಮೆಲೊಡಿ ಆಫ್ 1936’ ತೆರೆಗೆ ಬಂದದ್ದು 1935ರಲ್ಲಿ. ಅದರ ನಂತರ ಎಂ.ಜಿ.ಎಂ. ಸ್ಟುಡಿಯೊ ಆಕೆಗಾಗಿ ಸೆಟ್ಟುಗಳನ್ನು ದೊಡ್ಡದು ಮಾಡುತ್ತ ಹೋಯಿತು. ‘ಬಾರ್ನ್ ಟು ಡಾನ್ಸ್’ (1936) ಮುಗಿಯುವುದು ಯುದ್ಧನೌಕೆಯ ಮೇಲೆ. ‘ರೊಸಾಲಿ’ಯಲ್ಲಿ (1937) ಆಕೆ ದೈತ್ಯ ನಗಾರಿಗಳ ಮೇಲಿಂದ ಕುಣಿಯುತ್ತ ಇಳಿದು ಬರುತ್ತಾಳೆ. ಇವೆರಡನ್ನೂ ಹೊಗಳುವವರಿದ್ದಾರೆ, ಈ ಲೇಖನ ಹೊಗಳುವುದಿಲ್ಲ. ಸಾವಿರಾರು ಜನರ ನಡುವೆ ಆಕೆಯನ್ನು ಚುಕ್ಕೆಯಷ್ಟಾಗಿಸಿದ ಕ್ಯಾಮೆರಾ ಪಾದದ ವಿವರವನ್ನೇ ನುಂಗಿಬಿಡುತ್ತದೆ. ಹಣ ಸುರಿದ ನಿರ್ಮಾಪಕರಿಗೆ ತಮ್ಮ ಕೈಯಲ್ಲಿ ಇರುವುದೇನೆಂದು ತಿಳಿದಿರಲಿಲ್ಲ.

ತಿಳಿದದ್ದು 1940ರಲ್ಲಿ. ‘ಬ್ರಾಡ್‌ವೇ ಮೆಲೊಡಿ ಆಫ್ 1940’ ಚಿತ್ರದಲ್ಲಿ ಅಸ್ಟೇರ್ ಜೊತೆ ಆಕೆ ಮಾಡಿದ ‘ಬಿಗಿನ್ ದ ಬಿಗೀನ್’ ಕುಣಿತವನ್ನು ಕಪ್ಪು ಕನ್ನಡಿಯಂಥ ನೆಲದ ಮೇಲೆ, ಕಪ್ಪು-ಬಿಳುಪಿನಲ್ಲಿ ತೆಗೆದರು. ಸಂಗೀತ ಕೋಲ್ ಪೋರ್ಟರ್‌ದು. ನರ್ತಕರ ಇಡೀ ದೇಹ ಚೌಕಟ್ಟಿನಲ್ಲಿರಬೇಕು, ಕತ್ತರಿ ಆದಷ್ಟು ಕಡಿಮೆ ಆಡಬೇಕು ಎಂಬುದು ಅಸ್ಟೇರ್‌ನ ಹಟ. ಆ ಹಟ ಇಲ್ಲಿ ಪೊವೆಲ್‌ಗೆ ನ್ಯಾಯ ಒದಗಿಸಿತು. ಒಂದು ಹಂತದಲ್ಲಿ ವಾದ್ಯಗಳೆಲ್ಲ ನಿಂತುಬಿಡುತ್ತವೆ. ಉಳಿಯುವುದು ನಾಲ್ಕು ಪಾದಗಳ ಸದ್ದು ಮಾತ್ರ. ಒಬ್ಬರು ಕೇಳಿದ್ದಕ್ಕೆ ಇನ್ನೊಬ್ಬರು ಉತ್ತರಿಸುತ್ತಾರೆ, ಉತ್ತರಕ್ಕೆ ಮತ್ತೊಂದು ತಿರುವು ಸೇರುತ್ತದೆ, ಆಮೇಲೆ ಇಬ್ಬರೂ ಒಂದೇ ಪೆಟ್ಟಿನಲ್ಲಿ ಕೂಡುತ್ತಾರೆ. ಪ್ರಣಯದ ನಟನೆ ಇಲ್ಲಿಲ್ಲ ಎಂದು ದೂರುವವರಿಗೆ ಈ ಸಂವಾದ ಕೇಳಿಸುತ್ತಿಲ್ಲವೆಂದೇ ಹೇಳಬೇಕು. ಸಮಾನ ವಿದ್ಯೆಯ ಇಬ್ಬರು ಎದುರುಬದುರಾದಾಗ ಹುಟ್ಟುವ ಸಂತೋಷ ಅಲ್ಲಿ ತುಂಬಿದೆ. ರೋಜರ್ಸ್ ಜೊತೆಗಿನ ಹತ್ತು ಚಿತ್ರಗಳಲ್ಲಿ ಅಸ್ಟೇರ್ ಗೆಲ್ಲುತ್ತಾನೆ, ಅವಳು ಒಲಿಯುತ್ತಾಳೆ. ಇಲ್ಲಿ ಗೆಲ್ಲುವುದೂ ಇಲ್ಲ, ಒಲಿಯುವುದೂ ಇಲ್ಲ. ಇಬ್ಬರೂ ಒಂದೇ ಸಮನೆ ಕುಣಿದು ನಗುತ್ತಾರೆ. ರೋಜರ್ಸ್ ಒಳ್ಳೆಯ ನಟಿ. ಆದರೆ ಆ ಚಿತ್ರಗಳ ಮೋಡಿಯಲ್ಲಿ ಕತೆಯ ಪಾಲು ದೊಡ್ಡದು. ‘ಬಿಗಿನ್ ದ ಬಿಗೀನ್’ಗೆ ಕತೆಯ ಆಸರೆ ಬೇಕಾಗಿಯೇ ಇಲ್ಲ.

ನಟನೆ ಬರುತ್ತಿರಲಿಲ್ಲ ಎಂಬ ಮಾತಿಗೆ ಇನ್ನೂ ಗಟ್ಟಿಯಾದ ಉತ್ತರ ‘ಶಿಪ್ ಅಹಾಯ್’ (1942). ಶತ್ರು ದೇಶದ ಗೂಢಚಾರರ ಕೈಗೆ ಸಿಕ್ಕ ನರ್ತಕಿ ಆಕೆ. ವೇದಿಕೆಯ ಮೇಲೆ ಕುಣಿಯಬೇಕು, ಬಾಯಿ ಬಿಡುವಂತಿಲ್ಲ. ಪ್ರೇಕ್ಷಕರ ನಡುವೆ ಇರುವ ತನ್ನ ದೇಶದ ಅಧಿಕಾರಿಗೆ ಆಕೆ ಕಾಲಿನ ಸದ್ದಿನಲ್ಲೇ ಮೋರ್ಸ್ ಸಂಕೇತ ಕಳಿಸುತ್ತಾಳೆ. ಮುಖದಲ್ಲಿ ಅದೇ ಹಳೆಯ ನಗೆ. ಸುತ್ತಲಿರುವ ಶತ್ರುಗಳಿಗೆ ಕಾಣುವುದು ಆ ನಗೆ ಮಾತ್ರ, ಕೇಳಬೇಕಾದವನಿಗೆ ಕೇಳುವುದು ಪಾದದ ಮಾತು. ವಿಮರ್ಶಕರು ದೋಷವೆಂದು ಎಣಿಸಿದ ಆ ಬದಲಾಗದ ನಗೆ ಇಲ್ಲಿ ಕತೆಯ ಜೀವಾಳವೇ ಆಗಿದೆ. ಯಕ್ಷಗಾನದ ವೇಷಧಾರಿ ಅರ್ಥಗಾರಿಕೆಯಲ್ಲಿ ಮಾಡುವ ಕೆಲಸವನ್ನು ಪೊವೆಲ್ ಹಿಮ್ಮಡಿಯಲ್ಲಿ ಮಾಡಿದ್ದಾಳೆ. ಇದನ್ನು ನಟನೆಯಲ್ಲ ಎನ್ನುವವರು ನಟನೆ ಎಂದರೆ ಹುಬ್ಬು, ಕಣ್ಣು, ತುಟಿ ಎಂದಷ್ಟೇ ತಿಳಿದಿದ್ದಾರೆ.

‘ಲೇಡಿ ಬಿ ಗುಡ್’ (1941) ಚಿತ್ರದಲ್ಲಿ ಹೆಸರುಗಳ ಪಟ್ಟಿಯಲ್ಲಿ ಆಕೆ ಮೊದಲಿಗಳು, ಕತೆಯಲ್ಲಿ ಮೂರನೆಯವಳು. ಆದರೂ ಈವತ್ತು ಆ ಚಿತ್ರವನ್ನು ಯಾರಾದರೂ ಹುಡುಕಿ ನೋಡಿದರೆ ಅದು ಆಕೆಯ ‘ಫ್ಯಾಸಿನೇಟಿಂಗ್ ರಿದಮ್’ಗಾಗಿ ಮತ್ತು ಬಟನ್ಸ್ ಎಂಬ ನಾಯಿಯ ಜೊತೆಗಿನ ಕುಣಿತಕ್ಕಾಗಿ. ತನ್ನ ಹೆಜ್ಜೆಗಳನ್ನು ಹೆಚ್ಚಾಗಿ ತಾನೇ ಕಟ್ಟುತ್ತಿದ್ದವಳು ಆಕೆ. ಈ ಒಂದು ಸಂಗತಿಯನ್ನು ಸಾಕಷ್ಟು ಎತ್ತಿ ಹೇಳುವವರಿಲ್ಲ. ಗಂಡು ನೃತ್ಯ ನಿರ್ದೇಶಕ ಹೇಳಿದ್ದನ್ನು ಚೆನ್ನಾಗಿ ಒಪ್ಪಿಸಿದ ಹೆಣ್ಣಲ್ಲ ಪೊವೆಲ್, ಕೃತಿಯನ್ನೇ ರಚಿಸಿದ ಹೆಣ್ಣು.

1943ರಲ್ಲಿ ಆಕೆ ನಟ ಗ್ಲೆನ್ ಫೋರ್ಡನನ್ನು ಮದುವೆಯಾದಳು. ಆಮೇಲೆ ಚಿತ್ರಗಳು ಬೆರಳೆಣಿಕೆಯಷ್ಟು. 1959ರಲ್ಲಿ ವಿಚ್ಛೇದನ, 1961ರಲ್ಲಿ ಮತ್ತೆ ವೇದಿಕೆ, 1982ರಲ್ಲಿ ಮರಣ. ತೆರೆಯ ಮೇಲೆ ಆಕೆಯ ಪೂರ್ಣ ಪ್ರಭಾವದ ಕಾಲ ಹತ್ತು ವರ್ಷವೂ ಇಲ್ಲ.

ಪೊವೆಲ್ ಪರ ವಾದಿಸುವವರು ಮರೆಯಬಾರದ ಹೆಸರೊಂದಿದೆ, ಜೆನಿ ಲೆಗಾನ್. 1916ರಲ್ಲಿ ಶಿಕಾಗೊದಲ್ಲಿ ಹುಟ್ಟಿದ ಈ ಕಪ್ಪು ಹುಡುಗಿ ಪ್ಯಾಂಟು ತೊಟ್ಟು, ಗಂಡಸರದೆಂದು ಎಣಿಸಿದ್ದ ಹೆಜ್ಜೆಗಳನ್ನೆಲ್ಲ ಹಾಕಿದಳು. ‘ಹುರೇ ಫಾರ್ ಲವ್’ (1935) ಚಿತ್ರದಲ್ಲಿ ಮಹಾನ್ ನರ್ತಕ ಬಿಲ್ ರಾಬಿನ್‌ಸನ್ ಪಕ್ಕದಲ್ಲಿ ಕುಣಿದಳು. ಅದೇ ವರ್ಷ ಎಂ.ಜಿ.ಎಂ. ಅವಳೊಡನೆ ಒಪ್ಪಂದ ಮಾಡಿಕೊಂಡು ಬೇಗನೆ ಕೈಬಿಟ್ಟಿತು. 1948ರ ‘ಈಸ್ಟರ್ ಪರೇಡ್’ನಲ್ಲಿ ಆ್ಯನ್ ಮಿಲ್ಲರ್ ಟ್ಯಾಪ್ ಕುಣಿಯುತ್ತಾಳೆ, ಆ ಪಾತ್ರದ ಮನೆಗೆಲಸದವಳು ಜೆನಿ ಲೆಗಾನ್. ಅತ್ತ ‘ಹೊನೊಲುಲು’ (1939) ಚಿತ್ರದಲ್ಲಿ ಪೊವೆಲ್ ಮುಖಕ್ಕೆ ಮಸಿ ಬಳಿದುಕೊಂಡು ರಾಬಿನ್‌ಸನ್‌ಗೆ ಗೌರವ ಸಲ್ಲಿಸುತ್ತಾಳೆ. ರಾಬಿನ್‌ಸನ್ ಮೇಲಿನ ಗೌರವ ನಿಜವಾದದ್ದು, ಮಸಿ ಅಕ್ಷಮ್ಯ. ಟ್ಯಾಪ್ ಕಪ್ಪು ಜನ ಕಟ್ಟಿದ ಕಲೆ. ಅವರ ಹೆಣ್ಣುಮಕ್ಕಳಿಗೆ ಪರದೆಯ ಮೇಲೆ ಜಾಗ ಸಿಕ್ಕಿದ್ದರೆ ಪೊವೆಲ್‌ಗೆ ಸರಿಸಾಟಿಯ ಹೆಂಗಸರು ಇದ್ದರೋ ಇಲ್ಲವೋ ಎಂದು ತಿಳಿಯುತ್ತಿತ್ತು. ಅಂಥವರಿಗೆ ಬಾಗಿಲು ಹಾಕಿದ ಉದ್ಯಮ, ಒಳಗೆ ಉಳಿದ ಒಬ್ಬಳನ್ನು ಗಂಡಸಿನಂಥವಳೆಂದು ಕರೆಯಿತು.

ಹೀಗೆ ಕರೆಯುವುದು ನಮ್ಮ ಊರಿಗೂ ಹೊಸದಲ್ಲ. ಮಂಗಳೂರಿನಲ್ಲಿ ಹುಟ್ಟಿದ ಶಾಂತಾ ರಾವ್ ಅವರನ್ನು ನೆನೆಯಿರಿ. ಕೇರಳ ಕಲಾಮಂಡಲದಲ್ಲಿ ಕಥಕ್ಕಳಿ ಕಲಿತವರು, ಪಂದನಲ್ಲೂರಿನ ಮೀನಾಕ್ಷಿಸುಂದರಂ ಪಿಳ್ಳೆಯವರಲ್ಲಿ ಭರತನಾಟ್ಯ ಕಲಿತವರು, 1971ರಲ್ಲಿ ಪದ್ಮಶ್ರೀ ಪಡೆದವರು. ಹೆಂಗಸರು ಕಥಕ್ಕಳಿಯತ್ತ ತಲೆಹಾಕದ ಕಾಲದಲ್ಲಿ ಅದರ ಕಠಿಣ ಸಾಧನೆಯನ್ನು ಮೈಗೂಡಿಸಿಕೊಂಡಿದ್ದರು. ಅವರ ನಿಲುವಿನ ಬಲ, ಕೈಕಾಲುಗಳ ಚೂಪು ಗೆರೆ, ನೆಲ ಅದುರುವ ತಟ್ಟು ಇವನ್ನು ಕಂಡು ಲಾಲಿತ್ಯ ಸಾಲದೆಂದವರಿದ್ದರು, ಗಂಡುತನವೆಂದವರೂ ಇದ್ದರು. 2007ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡ ಈ ಕಲಾವಿದೆಯನ್ನು ಅವರು ಹುಟ್ಟಿದ ಊರಿನ ನೃತ್ಯಶಾಲೆಗಳು ಎಷ್ಟು ನೆನೆಯುತ್ತವೆ? ಒಂದು ಕಡೆ ಹಾಲಿವುಡ್, ಇನ್ನೊಂದು ಕಡೆ ಪಂದನಲ್ಲೂರು; ಎರಡೂ ಕಡೆ ಬಲವಾಗಿ ಹೆಜ್ಜೆಯಿಟ್ಟ ಹೆಣ್ಣಿಗೆ ಸಿಕ್ಕ ಬಹುಮಾನ ಒಂದೇ.

ಕರಾವಳಿಯಲ್ಲಿ ಯಕ್ಷಗಾನವನ್ನು ಗಂಡುಮೆಟ್ಟಿನ ಕಲೆ ಎಂದು ಹೆಮ್ಮೆಯಿಂದ ಹೇಳುತ್ತಾರೆ. ಪುಂಡುವೇಷದ ಅಭಿಮನ್ಯುವೋ ಬಭ್ರುವಾಹನನೋ ರಂಗಸ್ಥಳಕ್ಕೆ ಬಂದು ದಿಗಿಣ ಹೊಡೆಯತೊಡಗಿದರೆ ಸಭೆ ಎಣಿಸುತ್ತದೆ, ಚಪ್ಪಾಳೆ ತಟ್ಟುತ್ತದೆ. ಆ ವೇಷಧಾರಿಯ ಮುಖದಲ್ಲಿ ಮಾರ್ದವ ಇರಲಿಲ್ಲವೆಂದು ಯಾರೂ ದೂರುವುದಿಲ್ಲ. ಕೋಳ್ಯೂರು ರಾಮಚಂದ್ರ ರಾಯರು ಸ್ತ್ರೀವೇಷದಲ್ಲಿ ಹೆಣ್ಣಿನ ಹಾವಭಾವ ತಂದಾಗ ಅದನ್ನು ಸಿದ್ಧಿ ಎಂದೆವು, ಸರಿಯಾಗಿಯೇ ಎಂದೆವು. ಗಂಡು ಗೆರೆ ದಾಟಿದರೆ ಸಿದ್ಧಿ, ಹೆಣ್ಣು ದಾಟಿದರೆ ಕೊರತೆ ಎಂಬ ಲೆಕ್ಕ ಮಾತ್ರ ಒಪ್ಪುವಂಥದ್ದಲ್ಲ. ಮಧೂರಿನ ಲೀಲಾವತಿ ಬೈಪಾಡಿತ್ತಾಯರು ದಶಕಗಳ ಕಾಲ ಭಾಗವತಿಕೆ ಮಾಡಿ 2024ರಲ್ಲಿ ತೀರಿಕೊಂಡರು. ಅವರ ಹಾಡುಗಾರಿಕೆಯ ಬಗ್ಗೆಯೂ, ಹೆಂಗಸಾದರೂ ಗಂಡಸರಿಗೆ ಸಮನಾಗಿ ಹಾಡಿದರೆಂಬ ಮಾತು ಎಷ್ಟು ಸಲ ಕೇಳಿಬಂತು! ಅವರು ರಾಗವನ್ನು ಹೇಗೆ ಬೆಳೆಸುತ್ತಿದ್ದರು, ಪದವನ್ನು ಹೇಗೆ ಎತ್ತಿಕೊಳ್ಳುತ್ತಿದ್ದರು ಎಂಬುದು ಅದಕ್ಕಿಂತ ದೊಡ್ಡ ವಿಷಯ.

ಕನ್ನಡ ಸಿನಿಮಾದಲ್ಲೂ ಇದೇ ಲೆಕ್ಕ. ಬೆಳ್ತಂಗಡಿ ಸೀಮೆಯ ನಟಿ ಲೀಲಾವತಿಯವರ ಮಗ ವಿನೋದ್ ರಾಜ್ ‘ಡಾನ್ಸ್ ರಾಜ ಡಾನ್ಸ್’ (1987) ಚಿತ್ರದಲ್ಲಿ ಕುಣಿದಾಗ ಕುಣಿತವೇ ಅವರ ಕಿರೀಟವಾಯಿತು. ಪುನೀತ್ ರಾಜ್‌ಕುಮಾರ್ ಹೆಜ್ಜೆಗೆ ಶಾಲೆಯ ಮಕ್ಕಳೂ ಹೆಜ್ಜೆ ಹಾಕಿದರು. ಇಬ್ಬರಿಗೂ ಆ ಗೌರವ ಸಲ್ಲಬೇಕಾದದ್ದೇ. ಅದಕ್ಕಿಂತ ಮೊದಲು ಹಲಂ, ಜ್ಯೋತಿಲಕ್ಷ್ಮಿ, ಜಯಮಾಲಿನಿಯರು ಎಷ್ಟೋ ಚಿತ್ರಗಳನ್ನು ಕುಣಿದೇ ದಡ ಸೇರಿಸಿದ್ದರು. ಅವರ ಕುಣಿತವನ್ನು ಕ್ಯಾಬರೆ ಎಂದು ಬದಿಗಿಟ್ಟವರಲ್ಲಿ ಒಬ್ಬರಾದರೂ ಅವರ ಲಯಜ್ಞಾನದ ಬಗ್ಗೆ ಒಂದು ಪುಟ ಬರೆದರೇ? ಈಗಿನ ಕನ್ನಡ, ತುಳು ಚಿತ್ರಗಳ ಹಾಡುಗಳಲ್ಲಿ ನಾಯಕಿಯ ಪಾದ ಕಾಣುವುದೇ ಅಪರೂಪ. ಮುಖ, ಸೊಂಟ, ಮುಖ, ಆಮೇಲೆ ಬೆಟ್ಟದ ಮೇಲಿನ ದೂರದ ಚಿತ್ರ. ಒಂದು ತಾಳದ ಆವರ್ತ ಮುಗಿಯುವಷ್ಟರಲ್ಲಿ ಮೂರು ಕತ್ತರಿ. ಚೆನ್ನಾಗಿ ಕುಣಿಯುವ ಹುಡುಗಿಯರು ಮಂಗಳೂರಿನ ಬೀದಿಬೀದಿಯ ನೃತ್ಯಶಾಲೆಗಳಲ್ಲಿ ಅರಂಗೇಟ್ರಂ ಮುಗಿಸಿ ಹೊರಬರುತ್ತಿದ್ದಾರೆ. ಅವರಲ್ಲಿ ಒಬ್ಬಳನ್ನು ಒಂದು ನಿಮಿಷ ಪೂರ್ತಿಯಾಗಿ, ತಲೆಯಿಂದ ಪಾದದವರೆಗೆ ತೋರಿಸುವ ಧೈರ್ಯ ನಮ್ಮ ನಿರ್ದೇಶಕರಿಗೆ ಇರಬೇಕಿತ್ತು. 1940ರ ಕ್ಯಾಮೆರಾಕ್ಕೆ ಸಾಧ್ಯವಾದದ್ದು ಇಂದಿನ ಕ್ಯಾಮೆರಾಕ್ಕೆ ಅಸಾಧ್ಯವಲ್ಲ.

ವಿಮರ್ಶೆ ಬರೆಯುವವರಲ್ಲೂ ಒಂದು ಕೋರಿಕೆ. ಇನ್ನು ಮುಂದೆ ಪುರಭವನದಲ್ಲೋ ಬಯಲಾಟದಲ್ಲೋ ತೆರೆಯ ಮೇಲೋ ಹೆಣ್ಣೊಬ್ಬಳು ಬಲವಾಗಿ ಕುಣಿದರೆ, ಅವಳು ಯಾವ ತಾಳಕ್ಕೆ ಯಾವ ಹೆಜ್ಜೆ ಹಾಕಿದಳು, ಮುಕ್ತಾಯವನ್ನು ಹೇಗೆ ಕಟ್ಟಿದಳು ಎಂದು ಬರೆಯಿರಿ. ಗಂಡಸರಿಗೆ ಸಮ ಎಂಬ ಸಾಲನ್ನು ಬಿಟ್ಟುಬಿಡಿ.